ಕಿಟಕಿ ದಿನ

ನಮ್ಮ ಕಡೆ ಅದಕ್ಕೆ ಕಿಟಕಿ ದಿನ ಅನ್ನುತ್ತೇವೆ.
ಗುರುವಾರ ಹಬ್ಬ, ಶನಿವಾರ ಹೇಗೂ ರಜೆ,
ನಡುವೆ ಸಿಕ್ಕಿಕೊಂಡ ಬಡಪಾಯಿ ಶುಕ್ರವಾರ.
ಒಂದೇ ಒಂದು ಚೀಟಿ ಬರೆದುಕೊಟ್ಟರೆ ಸಾಕು,
ನಾಲ್ಕು ದಿನದ ಗಾಳಿ, ಬೆಳಕು.

ಷ್ಟೈರ್ ಆಸ್ಪತ್ರೆಯ ನೆಲಮಾಳಿಗೆಯ ಲಾಂಡ್ರಿಗೆ
ಕಿಟಕಿ ಇಲ್ಲ.
ಹಬೆ ಇದೆ, ಟ್ಯೂಬ್‌ಲೈಟ್ ಇದೆ,
ದಿನಕ್ಕೆ ಒಂಬೈನೂರು ಹಾಸುಬಟ್ಟೆ ಇವೆ,
ಗೋಡೆಗೆ ನಾನು ತೂಗುಹಾಕಿದ ಕ್ಯಾಲೆಂಡರ್ ಇದೆ.

ಡಿಸೆಂಬರಿನ ಎರಡನೇ ಸೋಮವಾರ
ಹನ್ನೊಂದು ಮಂದಿ ಅದರ ಮುಂದೆ ಸಾಲು ನಿಲ್ಲುತ್ತಾರೆ,
ಕಿವಿಯ ಹಿಂದೆ ಪೆನ್ಸಿಲು.
ಸಾಬೂನಿನ ಅಳತೆಯನ್ನೇ ನೆಟ್ಟಗೆ ಲೆಕ್ಕ ಹಾಕದ ಫೆರ್ಡಿನಾಂಡ್
ಅವತ್ತು ಮಾತ್ರ ದೊಡ್ಡ ಗಣಿತಜ್ಞ:
"ಹಾಸಿಗೆ ಇಪ್ಪತ್ತೈದು ದಿನದ್ದು, ನಿಜ,
ಮಡಿಕೆ ಗೊತ್ತಿದ್ದವನು ಐವತ್ತರ ತನಕ
ಕಾಲು ಚಾಚಬಹುದು, ಫ್ರೌ ಲೈಟ್ನರ್!"
ಟ್ಯುಂಡೆಗೆ ಗಡಿಯಾಚೆ ತಾಯಿ, ಪ್ಲಮ್ ಹಣ್ಣಿನ ಜಾಮು.
ಗುಂಡುಲಾಗೆ ಕೆರೆದಂಡೆಯ ಬಾಡಿಗೆ ಗುಡಿಸಲು.
ರೋಸ್ವಿಥಾ ಹೋದ ವರ್ಷ ಯಾರದೋ ಹೆಸರನ್ನು
ಎಂಜಲು ಬೆರಳಲ್ಲಿ ಒರೆಸಿ ತನ್ನದು ಬರೆದದ್ದು
ಯಾರೂ ಮರೆತಿಲ್ಲ; ಯಾರೂ ಎತ್ತುವುದೂ ಇಲ್ಲ.

ಈ ಸಲದ ವರ್ಷಕ್ಕೆ ಎಲ್ಲರ ಶಾಪ:
ಆಗಸ್ಟ್ ಹದಿನೈದು ಶನಿವಾರಕ್ಕೆ ಬಿತ್ತು,
ಸರ್ವಸಂತರ ದಿನ ಭಾನುವಾರಕ್ಕೆ.
ಎರಡು ರಜೆ, ಹೊಳೆಯಲ್ಲಿ ತೊಳೆದ ಹುಣಸೆಹಣ್ಣು.
"ಸಂತರಿಗಾದರೂ ಬುದ್ಧಿ ಬೇಡವೆ?" ಅಂದಳು ಗುಂಡುಲಾ.

ಮೇಲಿನ ವಾರ್ಡುಗಳಲ್ಲಿ ಮಾತ್ರ
ಯಾರೂ ತಾರೀಕು ನೋಡಿ ಕಾಯಿಲೆ ಬೀಳುವುದಿಲ್ಲ.
ಕೆಂಪಂಕಿಯೆಂದು ಹೆರಿಗೆ ನಿಲ್ಲುವುದಿಲ್ಲ.
ಹಾಸುಬಟ್ಟೆ ಇಳಿಯುತ್ತಲೇ ಇರುತ್ತವೆ.

ಸೆನಾದಾ ಕೊನೆಗೆ ಬರುತ್ತಾಳೆ, ಎಲ್ಲರೂ ಹೋದ ಮೇಲೆ.
ಅವಳಿಗೆ ಬೇಕಾದದ್ದು ಒಂದೇ ದಿನ, ಬೈರಾಮ್.
ಅದು ನನ್ನ ಕ್ಯಾಲೆಂಡರಿನಲ್ಲಿ ಕಪ್ಪಗೇ ಇದೆ,
ಹಲ್ಲು ಕೀಳಿಸಿಕೊಳ್ಳುವ ದಿನದ ಹಾಗೆ.
ಅವಳು ಕೆಲಸಕ್ಕೆ ಸೇರಿದಾಗ ಅದು ನವೆಂಬರಿನ ಮಂಜಿನಲ್ಲಿತ್ತು.
ವರ್ಷಕ್ಕೆ ಹನ್ನೊಂದು ದಿನ ಹಿಂದೆ ಹಿಂದೆ ಹೆಜ್ಜೆಯಿಡುತ್ತ
ಸೇಬಿನ ಸುಗ್ಗಿ ದಾಟಿ, ಆಗಸ್ಟಿನ ಸೆಕೆ ದಾಟಿ,
ಇಪ್ಪತ್ತೆರಡು ವರ್ಷಕ್ಕೆ ಮಾರ್ಚಿಗೆ ಬಂದು ನಿಂತಿದೆ.
ಪ್ರತಿ ಸಲ ಅವಳು ಕೇಳಿದ್ದಾಳೆ.
ಪ್ರತಿ ಸಲ ನಾನು, ಕೊಡುವವಳ ಮುಖ ಮಾಡಿ,
"ನೋಡೋಣ" ಅಂದಿದ್ದೇನೆ.

ಜೂನಿನ ಆ ಶುಕ್ರವಾರ ನಾವಿಬ್ಬರೇ.
ಊರಿಗೆ ಊರೇ ಕೆರೆಗೋ ಬೆಟ್ಟಕ್ಕೋ ಖಾಲಿ.
ದೊಡ್ಡ ಹಾಸನ್ನು ಒಬ್ಬರೇ ಮಡಚಲಾಗದು:
ಎರಡು ಮೂಲೆ ಅವಳಿಗೆ, ಎರಡು ನನಗೆ,
ಎಳೆದು ಕೊಡವಿ, ಹತ್ತಿರ ಬಂದು, ಅಂಚು ಒಪ್ಪಿಸಿ,
ಮತ್ತೆ ಹಿಂದಕ್ಕೆ.
"ನೀವ್ಯಾಕೆ ಎಲ್ಲೂ ಹೆಸರು ಬರೆದುಕೊಳ್ಳಲ್ಲ?" ಅಂದಳು.
ಉತ್ತರ ಹುಡುಕುವಷ್ಟರಲ್ಲಿ ಇನ್ನೊಂದು ಹಾಸು.
ಆಮೇಲೆ ಅವಳೇ ನಕ್ಕಳು:
"ಇನ್ನು ಏಳು ವರ್ಷಕ್ಕೆ ಗೊತ್ತಾ,
ನಮ್ಮ ಹಬ್ಬ ನಿಮ್ಮ ಕ್ರಿಸ್‌ಮಸ್ಸಿನ ಮನೆಗೇ ಬರುತ್ತೆ.
ಆ ವರ್ಷ ನಾನು ಯಾರನ್ನೂ ಕೇಳಬೇಕಾಗಿಲ್ಲ."
"ನಾನಾಗ ನಿವೃತ್ತಳು," ಅಂದೆ.
"ಹಾಗಾದರೆ ನೀವೂ ಕೇಳಬೇಕಾಗಿಲ್ಲ."

ಅವಳು ಟ್ರಾಲಿ ತಳ್ಳಿಕೊಂಡು ಲಿಫ್ಟಿನತ್ತ ಹೋದಳು.
ಏಳು ವರ್ಷದಾಚೆಯ ಹಾಳೆ ಇನ್ನೂ ಅಚ್ಚಾಗಿಲ್ಲ.
ಗೋಡೆಯ ಮೇಲೇ ಬರೆದಿಡೋಣವೆಂದು
ಪೆನ್ಸಿಲು ಹಿಡಿದು ಕ್ಯಾಲೆಂಡರನ್ನು ಮೊಳೆಯಿಂದ ತೆಗೆದೆ.

ಹಬೆಗೆ ಹಳದಿಗಟ್ಟಿದ ಗೋಡೆಯ ನಡುವೆ
ಅಷ್ಟಗಲ, ಅಷ್ಟುದ್ದ,
ಬೆಳ್ಳಗೆ ಉಳಿದಿತ್ತು.