ದವಡೆ ಹಲ್ಲು

ರಾತ್ರಿ ಎರಡು ದಾಟಿದ ಮೇಲೆ ಒಂಬತ್ತನೇ ಚಾನೆಲ್ಲಿನಲ್ಲಿ
ಅಪ್ಪ ಈಗಲೂ ಸಾಯುತ್ತಾನೆ.
ಮೊನ್ನೆ ತೆಂಗಿನ ಮರದಿಂದ ತಲೆಕೆಳಗಾಗಿ,
ನಿನ್ನೆ ದೋಣಿಯ ಅಂಚಿನಲ್ಲಿ, ಬೆನ್ನಿಗೆ ಗುಂಡು.
ಆರಿದ ಕಾಫಿ ಹಿಡಿದು ಎಣಿಸುತ್ತೇನೆ: ಮೂವತ್ತೆಂಟು.
ಮನೆಯಲ್ಲಿ ಸತ್ತದ್ದು ಸೇರಿದರೆ ಮೂವತ್ತೊಂಬತ್ತು.
ಅದೊಂದು ಮಾತ್ರ ಅವನಿಗೆ ಸರಿಯಾಗಿ ಬರಲಿಲ್ಲ,
ಬಹಳ ಹೊತ್ತು ಹಿಡಿಯಿತು.

ಪ್ಲಾಸಿದೊ ಅಗ್ಬಯಾನಿ.
ಇಲೋಕೋಸಿನ ಬಾದೊಕ್‌ನವನು, ಹೊಗೆಸೊಪ್ಪು ಬೆಳೆವ ಮನೆ.
ತೆರೆಯ ಮೇಲೆ ಆ ಹೆಸರು ತಪ್ಪಿಲ್ಲದೆ ಬಂದದ್ದು ಎರಡೇ ಸಲ.
ಒಮ್ಮೆ ಅಗ್ಬಾ ಎಂದಾಯಿತು, ಒಮ್ಮೆ ಬಯಾನ್,
ಮಿಕ್ಕಂತೆ ‘ಎರಡನೇ ಕಾವಲುಗಾರ’.

ಹತ್ತೊಂಬತ್ತಕ್ಕೆ ಹಡಗು ಹತ್ತಿದ.
ಸ್ಟಾಕ್ಟನ್ನಿನ ಆಸ್ಪರಾಗಸ್ ಹೊಲದಲ್ಲಿ ನಾಲ್ಕು ವರ್ಷ
ಸೊಂಟ ಮುರಿದು ಕೊಯ್ದ. ಆಮೇಲೆ ಹೇಳುತ್ತಿದ್ದ,
ತಲೆಬಾಗುವ ಪಾತ್ರಗಳಿಗೆ ತಾಲೀಮು ಅಲ್ಲೇ ಆಯಿತು ಅಂತ.
ಲಾಸ್ ಏಂಜಲೀಸಿನ ಹೋಟೆಲೊಂದರಲ್ಲಿ ತಟ್ಟೆ ತೊಳೆವಾಗ
ಯಾರೋ ಬಂದು ಕೇಳಿದರಂತೆ: ಈಟಿ ಹಿಡಿಯಲು ಬರುತ್ತದಾ?
ದಿನಕ್ಕೆ ಐದು ಡಾಲರ್, ಮಧ್ಯಾಹ್ನದ ಊಟ.
ಈಟಿಯ ಮುಖ ಕಂಡವನಲ್ಲ. ಬರುತ್ತದೆ ಎಂದ.

ಅಲ್ಲಿಂದ ಚೀನಾದ ಅಡುಗೆಯವ, ಬರ್ಮಾದ ಮಾವುತ,
ಹೆಸರಿಲ್ಲದ ದ್ವೀಪದ ಪೂಜಾರಿ,
ಒಮ್ಮೆ ಹಳದಿ ಮುಂಡಾಸು ಸುತ್ತಿ ಬಂಗಾಳದ ಹಾವಾಡಿಗ.
ಆ ಹಾವು ರಬ್ಬರಿನದು. ಕೇಳಿ ಮನೆಗೆ ತಂದ.
ಏಳು ವರ್ಷವಾಗುವತನಕ ನಾನು ಅದನ್ನು ತಬ್ಬಿ ಮಲಗಿದೆ.

ಅಮ್ಮ ಹೆರ್ತ್ರೂದಿಸ್ ಸ್ಟುಡಿಯೋದ ಹೊಲಿಗೆ ಕೋಣೆಯವಳು.
ಅವನ ಅಂಗಿಗೆ ಗುಂಡು ಹೊಕ್ಕ ತೂತುಗಳಿಗೆ ತೇಪೆ ಹಾಕಿ
ಮುಂದಿನ ಸಾವಿಗೆ ಇಸ್ತ್ರಿ ಮಾಡಿ ಕೊಡುತ್ತಿದ್ದಳು.
ಮದುವೆಗೆ ಈ ರಾಜ್ಯದ ಕಾನೂನು ಒಪ್ಪಲಿಲ್ಲ,
ಬಸ್ಸಿನಲ್ಲಿ ನ್ಯೂ ಮೆಕ್ಸಿಕೋತನಕ ಹೋಗಿಬಂದರು.
ಫೋಟೋದಲ್ಲಿ ಅವನು ತೊಟ್ಟ ಸೂಟು
ಸೋಮವಾರ ವಾಪಸು ಕೊಡಬೇಕಾದದ್ದು.

ಯುದ್ಧ ಬಂತು, ಕೆಲಸವೋ ಕೆಲಸ.
‘ನಾನು ಫಿಲಿಪಿನೋ’ ಎಂಬ ಬಿಲ್ಲೆಯನ್ನು ಕೋಟಿಗೆ ಸಿಕ್ಕಿಸಿ,
ಯಾರೂ ಹೊಡೆಯದಿರಲೆಂದು, ಟ್ರಾಮು ಹತ್ತುತ್ತಿದ್ದ.
ಗೇಟಿನೊಳಗೆ ಬಿಲ್ಲೆ ಕಿತ್ತು ಕಿಸೆಗಿಟ್ಟು
ಜಪಾನಿ ಕ್ಯಾಪ್ಟನ್ ಆಗುತ್ತಿದ್ದ.
ಅದೇ ಬಣ್ಣದ ಸಮವಸ್ತ್ರ ಬಾದೊಕ್‌ನಲ್ಲಿ
ಅವನ ಅಣ್ಣನ ಭತ್ತವನ್ನು ಹೊತ್ತೊಯ್ಯುತ್ತಿತ್ತು,
ಅದು ತಿಳಿದದ್ದು ಆಮೇಲೆ.

ನಿರ್ದೇಶಕ ಹೇಳಿದ: ಗದರು. ನಿಮ್ಮದೇ ಏನಾದರೂ. ಯಾರಿಗೆ ತಿಳಿಯುತ್ತೆ?
ಅಪ್ಪ ಕತ್ತಿ ಎತ್ತಿ, ಕೈದಿಯ ಮೂಗಿಗೆ ಮೂಗು ತಂದು,
ಇಲೋಕಾನೋದಲ್ಲಿ ಗುಡುಗಿದ:
‘ನಾನಂಗ್! ಎಡದವಡೆ ಹಲ್ಲು ಕೀಳಿಸಿದೆ! ಇನ್ನೂ ನೋವು!
ಕಳಿಸಿದ ದುಡ್ಡು ಮುಟ್ಟಿತೋ? ಎಮ್ಮೆ ಈಯಿತೋ? ಹೇಳು!’
ಕೈದಿ ನಡುಗಿದ. ಡೋಲು ಬಡಿದವು.

ನಾಲ್ಕು ವರ್ಷ ತಡವಾಗಿ ಆ ಚಿತ್ರ
ಲಾವೊಆಗ್‌ನ ತಗಡಿನ ಥಿಯೇಟರಿಗೆ ಬಂತು.
ಅತ್ತೆ ಬಿಬಿಯಾನಾ ಬರೆದ ಕಾಗದ ನನ್ನ ಬಳಿ ಇದೆ:
‘ಜನ ಬೆಂಚಿನಿಂದ ಬಿದ್ದು ಬಿದ್ದು ನಕ್ಕರು.
ಅಮ್ಮ ನಗಲಿಲ್ಲ. ಎದ್ದು ನಿಂತು
ತೆರೆಗೇ ಕೂಗಿ ಹೇಳಿದಳು: ಹೆಣ್ಣು ಕರು!
ಲವಂಗ ಇಟ್ಟುಕೋ, ಮಗನೇ!
ಅಷ್ಟರಲ್ಲಿ ನಿನಗೆ ಗುಂಡು ಬಿತ್ತು.
ಅವಳನ್ನು ಕೂರಿಸಲು ನಾಲ್ಕು ಜನ ಬೇಕಾಯಿತು.
ನೀನು ಬದುಕಿದ್ದೀ ಎಂದು ತಂತಿ ಕೊಡು.’

ತಂತಿ ಕೊಟ್ಟ.
ಮರುವಾರ ಮೆಕ್ಸಿಕೋದ ದರೋಡೆಕೋರನಾಗಿ ಕುದುರೆಯಿಂದ ಬಿದ್ದ,
ಅಮ್ಮನೇ ಹೇಳಿಕೊಟ್ಟ ನಾಲ್ಕು ಸ್ಪ್ಯಾನಿಷ್ ಮಾತು ಆಡಿ.

ನನಗೆ ಅವನು ತನ್ನ ಭಾಷೆ ಕಲಿಸಲಿಲ್ಲ.
ಹಲ್ಲಿಗೆ ಙಿಪೆನ್ ಅನ್ನುತ್ತಾರೆ, ಅಷ್ಟು ಬಲ್ಲೆ.
ಉಳಿದ ಚಿತ್ರಗಳಲ್ಲಿ ಏನೇನು ಅಂದನೋ.
ಟಿವಿಗೆ ಟೇಪ್ ರೆಕಾರ್ಡರ್ ಒತ್ತಿಹಿಡಿದು ತುಂಬಿಕೊಂಡು
ಭಾನುವಾರ ಕಾರ್ಸನ್ನಿನ ಮೀನಂಗಡಿಗೆ ಒಯ್ಯುತ್ತೇನೆ.
ಮುದುಕ ಎಮೆತೇರಿಯೊ ಚಾಕು ಕೆಳಗಿಟ್ಟು
ಒದ್ದೆ ಕೈ ಒರೆಸಿ ಕಿವಿಗೊಡುತ್ತಾನೆ.
‘ಇಲ್ಲಿ ಬೆಳ್ಳುಳ್ಳಿಯ ಧಾರಣೆ ಕೇಳುತ್ತಿದ್ದಾನೆ.
ಇದು... ಯಾರದೋ ಸಾಲ, ಎಂಟು ಪೆಸೊ.
ಇದು ಬೈಗುಳ, ಮಗಳೇ, ನಿನಗೆ ಬೇಡ.’

ಬೇಕು ಎಂದೆ.