ಆರಡಿ ಎರಡಿಂಚು

ಅವರ ಹೆಸರಿನೊಳಗೆ ಒಂದು ಕೆರೆ ಇತ್ತು,
ಒಂದು ಎಲೆಯೂ ಇತ್ತು.
ಕೆರೆಕೆಶ್ ಎಲೆಮೇರ್.
ಏಳು ವರ್ಷದ ನಾನು ಪಾಟಿಯ ಮೇಲೆ ಬರೆದು ತೋರಿಸಿದಾಗ
ಮಿಕ್ಕ ಅಕ್ಷರಗಳನ್ನು ಅಂಗೈಯಿಂದ ಒರೆಸಿ
ಉಳಿದೆರಡನ್ನು ನೋಡುತ್ತ ಕೂತರು,
ಅಂಧೇರಿಯ ಸ್ಟುಡಿಯೋ ಹಿಂದೆ,
ಗರಗಸದ ಹೊಟ್ಟಿನ ರಾಶಿಯ ಮೇಲೆ.

ಮನೆತನದ ಹೆಸರು ಮೊದಲು, ತನ್ನದು ಆಮೇಲೆ:
ಹಂಗೇರಿಯಲ್ಲಿ ಹಾಗೇ ಅಂತೆ.
ಕೆರೆಕೆಶ್ ಅಂದರೆ ಗಾಲಿ ಮಾಡುವವ.
ಅಪ್ಪ ಬೀಡಿ ಕಿವಿಗೆ ಸಿಕ್ಕಿಸಿ ನಕ್ಕ:
"ಹಂಗಾದ್ರ ನೀವೂ ಬಡಿಗೇರ್ರ ಆತು ಬಿಡ್ರಿ ಸಾಹೇಬ್ರ."
ಗಜೇಂದ್ರಗಡದ ಮೌನೇಶ ಬಡಿಗೇರ,
ತಿಸಾ ಹೊಳೆದಂಡೆಯ ಗಾಲಿಕಾರನ ಮೊಮ್ಮಗ,
ಅರೆಬರೆ ಹಿಂದಿಯಲ್ಲಿ ಇಬ್ಬರೂ ಊಟ ಬಿಟ್ಟು ಜಗಳಾಡಿದರು,
ಗಾಲಿಯ ಅರಕ್ಕೆ ಯಾವ ಮರ ಗಟ್ಟಿ ಎಂದು.
ಅವರು ಹೊಟ್ಟಿನಲ್ಲೇ ಬೆರಳಿಂದ ಎಲೆ ಬರೆದರು, ಮುಳ್ಳು ಬರೆದರು.
ಅಪ್ಪ ಬಗ್ಗಿ ನೋಡಿದ:
"ಇದು ನಮ್ಮ ಜಾಲಿಗೆ ಏನೋ ಕಳ್ಳುಬಳ್ಳಿ ಆಗಬೇಕ್ರಿ."

ಬುಡಾಪೆಸ್ಟಿನಲ್ಲಿ ಅವರು ರಾಜನಾಗಿ ಸಾಯುತ್ತಿದ್ದರು,
ವಾರಕ್ಕೆ ನಾಲ್ಕು ರಾತ್ರಿ, ಮೆಟ್ಟಿಲ ಮೇಲೆ, ಸಾವಕಾಶ.
ಸತ್ತಾದ ಮೇಲೆ ಎದ್ದು ಬಂದು ಹೂವು ಇಸಿದುಕೊಳ್ಳುತ್ತಿದ್ದರು.
ಮೂಕಿ ಚಿತ್ರ ಐದು, ಮಾತಿನವು ಎರಡು.
ಒಂದರಲ್ಲಿ ಕುದುರೆಯದೇ ಒಳ್ಳೆಯ ನಟನೆಯಂತೆ.
ಆಮೇಲೆ, ಹೆಂಡತಿ ಯಹೂದಿ ಎಂದು
ಪೋಸ್ಟರಿನಿಂದ ಹೆಸರು ಇಳಿಯಿತು.
ಟ್ರಿಯೆಸ್ಟ್‌ನಿಂದ ಹಡಗು. ಬಲಾರ್ಡ್ ಪಿಯರ್.
ಎರಡು ಪೆಟ್ಟಿಗೆ:
ಒಂದರಲ್ಲಿ ಇಲೋನಾಳ ಪಿಯಾನೋ ಪುಸ್ತಕ,
ಇನ್ನೊಂದರಲ್ಲಿ ರಾಜನ ಬೂಟು.

ಯುದ್ಧ ಬಂತು.
ಶತ್ರುವಿನಿಂದ ಓಡಿಬಂದವರನ್ನೂ ಶತ್ರುಗಳೆಂದೇ ಬರೆದುಕೊಂಡು
ಪುರಂದರ ಗಡಕ್ಕೆ ಹತ್ತಿಸಿದರು.
ಇಲೋನಾ ಅಲ್ಲಿಂದ ಇಳಿಯಲಿಲ್ಲ.
ಇದು ಅವರು ಹೇಳಿದ್ದಲ್ಲ. ಅಪ್ಪ, ಬಹಳ ವರ್ಷದ ಮೇಲೆ,
ರಂಧಾ ಹೊಡೆಯುತ್ತ, ಬೇರೆ ಏನನ್ನೋ ಹೇಳುವಾಗ.

ಮುಂಬಯಿ ಅವರಿಗೆ ಕೊಟ್ಟಿದ್ದು ಒಂದೇ ಪಾತ್ರ: ಗೋರಾ ಸಾಹೇಬ.
ಕಲೆಕ್ಟರ್, ಕಮಿಷನರ್, ಚಹಾತೋಟದ ಮಾಲೀಕ.
ತನ್ನನ್ನು ಗಡಕ್ಕೆ ಹತ್ತಿಸಿದವರ ಟೋಪಿಯೇ ತಲೆಗೆ.
ಹಿಂದಿ ಡೈಲಾಗು ಹಂಗೇರಿಯ ಅಕ್ಷರಗಳಲ್ಲಿ,
ಸಿಗರೇಟು ಪಾಕೀಟಿನ ಬೆನ್ನಿಗೆ.
ಮೂರನೇ ರೀಲಿಗೆ ಗುಂಡು. ಬಿದ್ದೊಡನೆ
ನಾಲ್ಕಾಣೆ ಕ್ಲಾಸಿನಿಂದ ಸೀಟಿ.
"ಅಲ್ಲಿ ಅಳುತ್ತಿದ್ದರು, ಇಲ್ಲಿ ಕುಣಿಯುತ್ತಾರೆ.
ನಾನು ಸಾಯುವುದು ಮಾತ್ರ ಹಾಗೇ ಇದೆ ಮೌನೇಶ್,
ಅದೇ ಮೊಣಕಾಲು ಮೊದಲು."

ಅಪ್ಪ ಅವರಿಗೆ ಬಾಗಿಲು ಮಾಡುತ್ತಿದ್ದ.
ಪ್ಲೈವುಡ್ಡಿನ ಬಂಗಲೆಗಳು; ಒಳಗೆ ಝೂಮರು,
ಹಿಂದೆ ಹಗ್ಗ, ಮೊಳೆ ಡಬ್ಬಿ, ತೂಕಡಿಸುವ ಚಹಾ ಹುಡುಗ.
"ನಟನಿಗಿಂತ ಮೊದಲು ಬಾಗಿಲು ಒಳಗೆ ಬರಬೇಕು"
ಅನ್ನುತ್ತಿದ್ದರು, ಕೀಲನ್ನು ಕಿವಿಯಿಟ್ಟು ಕೇಳುತ್ತ.
ಅವರು ಆರಡಿ ಎರಡಿಂಚು.
ಚೌಕಟ್ಟು ಒಂದಿಂಚು ಗಿಡ್ಡ ಇರಬೇಕು, ಅದು ಕರಾರು:
ಬಗ್ಗಿ ಬಂದು ನೆಟ್ಟಗಾಗುವ ಸಾಹೇಬನಿಗೆ
ಜನ ಹೆಚ್ಚು ಹೆದರುತ್ತಾರೆ.

ಅರವತ್ತಾರರ ಜೂನ್. ದಾದರಿನ ಬಾಡಿಗೆ ಕೋಣೆ.
ಶಿವಡಿಗೆ ಒಯ್ಯಲು ಪೆಟ್ಟಿಗೆ ಬೇಕೆಂದು
ಇಗರ್ಜಿಯವನೊಬ್ಬ ಅಳತೆಯ ಚೀಟಿ ಹಿಡಿದು ಬಂದ.
ಅಪ್ಪ ಚೀಟಿ ಇಸಿದುಕೊಳ್ಳಲಿಲ್ಲ.
ರಾತ್ರಿಯಿಡೀ ಗರಗಸದ ಸಪ್ಪಳ.
ಈ ಸಲ ಎರಡಿಂಚು ಉದ್ದ ಇಟ್ಟಿದ್ದ.
ರಾಜನ ಬೂಟು ಯಾರಿಗೂ ಹಿಡಿಸಲಿಲ್ಲ,
ನಮ್ಮ ಚಾಳಿನ ಅಟ್ಟದಲ್ಲಿ ಬಹಳ ದಿನ ಇತ್ತು,
ಒಳಗೆ ಅವ್ವನ ಉಳ್ಳಾಗಡ್ಡಿ.

ಎಂಬತ್ತೆಂಟರ ಒಂದು ಭಾನುವಾರ ಟೀವಿಯಲ್ಲಿ ಹಳೆ ಚಿತ್ರ.
ಹೆಸರುಗಳು ಉರುಳಿದವು; ಕೆರೆ ಇಲ್ಲ, ಎಲೆ ಇಲ್ಲ,
ಕೊನೆಗೆ "ಮತ್ತು ಇತರರು."
ಬಾಗಿಲು ತೆರೆಯಿತು.
ಬಗ್ಗಿದರು. ನೆಟ್ಟಗಾದರು.
ನಾನು ಚೀರಿದೆ: "ಅಪ್ಪಾ, ನೋಡು, ನೋಡು!"
ಅಪ್ಪ ನೋಡುತ್ತಿದ್ದುದು ಅವರ ಹೆಗಲಿನಾಚೆ.
"ಆ ಮ್ಯಾಲಿನ ಕೀಲ ಸಡ್ಲ ಐತಿ," ಅಂದ.
"ಅವತ್ತ ಹೇಳಿದ್ರು ಅವ್ರು.
ನಾನ ಕೇಳಲಿಲ್ಲ."