ಹಲಗೆಗೆ ಇಸ್ತ್ರಿ

ವಿಲ್ಸನ್ ಗಾರ್ಡನ್ನಿನ ಹತ್ತನೇ ಕ್ರಾಸಿನಲ್ಲಿ ನನ್ನ ಗಾಡಿ.
ಇದ್ದಿಲು ಊದಿ ಪೆಟ್ಟಿಗೆ ಕಾಯಿಸುತ್ತಿದ್ದೆ,
ಸುನೇತ್ರಾ ಬಾಂಬೋರೆ ಬಟ್ಟೆಗಂಟಿನ ಬದಲು
ಹಲಗೆಯೊಂದನ್ನು ತಂದು ಮಲಗಿಸಿದಳು.
‘ದೊರೆಣ್ಣಾ, ಇದಕ್ಕೆ ಇಸ್ತ್ರಿ ಹಾಕಬೇಕು.’

ನನ್ನ ಎದೆಯೆತ್ತರದ್ದು. ಎರಡೂ ತುದಿ ಮೇಲಕ್ಕೆ ಬಾಗಿ
ಮೊರಕ್ಕೂ ದೋಣಿಗೂ ಹುಟ್ಟಿದಂಥದು.
ನೀಲಿ ಮೇಣದ ಗಟ್ಟಿಯನ್ನು ಕಾದ ಪೆಟ್ಟಿಗೆಗೆ ಮುಟ್ಟಿಸಿ
ಹನಿಹನಿ ಬೀಳಿಸಬೇಕಂತೆ, ಆಮೇಲೆ ಸವರಬೇಕಂತೆ,
ಹೊಗೆ ಬರಬಾರದಂತೆ.
ಹೊಗೆ ಬರದ ಶಾಖ ನನಗೆ ಗೊತ್ತು:
ನೈಲಾನಿಗಿಂತ ತುಸು ಹೆಚ್ಚು, ರೇಷ್ಮೆಗಿಂತ ಒಂದು ಕೂದಲು ಕಮ್ಮಿ.
ಎಂಜಲ ಬೆರಳು ತಾಗಿಸಿದರೆ ಚುಸ್ ಅನ್ನಬೇಕು,
ಚುರ್ ಅನ್ನಬಾರದು.

ಹಿಮ ಅಂದರೆ ನಾನು ಕಂಡದ್ದು
ರಸೆಲ್ ಮಾರ್ಕೆಟ್ಟಿನಲ್ಲಿ ಮೀನಿನ ಕೆಳಗಿನ ಐಸು.
ಅದರ ಮೇಲೆ ನಿಂತು ಜಾರಿದರೆ ಪದಕ ಕೊಡ್ತಾರಾ, ಅಂದೆ.
‘ಬಿದ್ದರೆ ಕೊಡಲ್ಲ’ ಅಂದಳು.

ಅವಳಪ್ಪ ಕಲಾಸಿಪಾಳ್ಯದಲ್ಲಿ ಲಾರಿ ಬಾಡಿ ಕಟ್ಟುತ್ತಿದ್ದವರು.
ಹದಿನೈದಕ್ಕೇ ಟೆನ್‌ವೀಲರನ್ನು
ಗಲ್ಲಿಯೊಳಗಿಂದ ರಿವರ್ಸ್ ತೆಗೆದವಳು ಇವಳು.
ಹಿಮ ಬಂದದ್ದು ಆಮೇಲೆ, ಎನ್‌ಸಿಸಿ ಕ್ಯಾಂಪಿನಲ್ಲಿ,
ನೆಗಡಿಯ ಹಾಗೆ ಬಂದು ಬಿಡದೆ ನಿಂತದ್ದು.
ವರ್ಷಕ್ಕೆ ಐದು ವಾರ ಗುಲ್ಮಾರ್ಗ್;
ಉಳಿದ ನಲವತ್ತೇಳು ವಾರ ಈ ಊರು,
ಗಾಲಿಹಲಗೆ, ನಸುಕಿನ ಡಬಲ್ ರೋಡಿನ ಇಳಿಜಾರು,
ಹಾಲಿನ ವ್ಯಾನಿನವರ ಬೈಗುಳ.

ಹೇಳಿಕೊಳ್ಳುವವಳಲ್ಲ. ನಾನೇ ಬಟ್ಟೆಯಲ್ಲಿ ಓದಿಕೊಂಡೆ.
ಎದೆಗೆ ಕಟ್ಟುವ ನಂಬರು ಮೊದಲು ಮೂವತ್ತೊಂದು,
ಬರುಬರುತ್ತಾ ಒಂಬತ್ತು.
ಒಂದು ಮಾರ್ಚಿನಲ್ಲಿ ಎಡಭುಜ ಕತ್ತರಿಸಿದ ಬನಿಯನ್ನು,
ಆಸ್ಪತ್ರೆಯ ಕತ್ತರಿ, ದರ್ಜಿಯದ್ದಲ್ಲ.
ಮೂರು ತಿಂಗಳು ಬರೀ ಅವಳಮ್ಮನ ಸೀರೆ ಬಂದವು.
ಅದಾದ ಮೇಲೆ ಬೆನ್ನಿಗೆ ದೇಶದ ಹೆಸರಿದ್ದ ಕೋಟು.
ಅಕ್ಷರ ಪ್ಲಾಸ್ಟಿಕ್ಕು; ಒದ್ದೆ ಪಂಚೆ ಹಾಸಿ
ಉಸಿರು ಹಿಡಿದು ಪೆಟ್ಟಿಗೆ ಇಟ್ಟೆ.
ಆಸ್ಟ್ರಿಯಾದಲ್ಲಿ ಐವತ್ತೆರಡರಲ್ಲಿ ನಲವತ್ತನಾಲ್ಕನೆಯವಳು.
‘ನನ್ನ ಹಿಂದೆ ಎಂಟು ಜನ, ದೊರೆಣ್ಣಾ.’
ಎಂಟನ್ನೂ ಚಿಲ್ಲರೆ ಎಣಿಸಿದ ಹಾಗೆ ಹೇಳಿದಳು.

ಆಮೇಲೆ ಕೆಂಪು ಮಣ್ಣು ಬರತೊಡಗಿತು.
ಕಾಲರಿನೊಳಗೆ, ಹೊಲಿಗೆಯ ಸಾಲಲ್ಲಿ, ಎರಡು ಸಲ ಒಗೆದರೂ.
ಅಪ್ಪ ತೀರಿದ ಮೇಲೆ ಷೆಡ್ಡಿನಲ್ಲಿ ಉಳಿದ ಹಳೇ ಟ್ರಕ್ಕಿಗೆ
ಸ್ಪ್ರಿಂಗು ಎತ್ತರಿಸಿ, ಬಾಗಿಲು ಕಿತ್ತು,
ಹೊಸಕೋಟೆಯಾಚೆ ಕಲ್ಲುಕ್ವಾರಿಯ ರೇಸಿಗೆ ಇಳಿಸಿದ್ದಳು.
ಎರಡು ದೋಣಿಯಲ್ಲಿ ಕಾಲು, ಅಂದರು ಬೀದಿಯವರು.
ಹಲಗೆ ಒಂದೇ, ಕಾಲು ಎರಡು, ಅಂದೆ ನಾನು.
ಅವರಿಗೆ ಅರ್ಥವಾಗಲಿಲ್ಲ. ನನಗೂ ಪೂರ್ತಿ ಅಲ್ಲ.

ಒಂದು ಭಾನುವಾರ ಗಾಡಿಗೆ ಟಾರ್ಪಾಲು ಹೊದಿಸಿ ನೋಡಲು ಹೋದೆ.
ಟ್ರಕ್ಕು ಕ್ವಾರಿಯ ಅಂಚಿಗೆ ಬಂತು.
ಎಲ್ಲರೂ ಬ್ರೇಕು ಒತ್ತುವ ಜಾಗ, ಅವಳು ಒತ್ತಲಿಲ್ಲ.
ಮೊಣಕಾಲು ಮಡಿಸಿದ್ದು ಕಂಡೆ.
ಸುಳ್ಳು, ಕಾಣಲಿಲ್ಲ, ಧೂಳಿತ್ತು;
ಆದರೆ ಮೂರೂವರೆ ಟನ್ನು ಕಬ್ಬಿಣ ಅಡ್ಡಡ್ಡ ಜಾರಿ
ಮೇಣ ಹಚ್ಚಿದ ಹಾಗೆ ಇಳಿಯಿತು.
ಪಕ್ಕದವನಿಗೆ ಹೇಳಿದೆ: ನಾನು ಹಚ್ಚಿದ್ದು.
ಅವನು ಸ್ವಲ್ಪ ದೂರ ಸರಿದು ನಿಂತ.

ಮೂರನೇ ಸುತ್ತಿನಲ್ಲಿ ಆಕ್ಸಲ್ ಮುರಿಯಿತು.
ಗೆದ್ದವನು ದೇವನಹಳ್ಳಿಯ ಹುಡುಗ.
ಅವಳು ಟೈರಿನ ಮೇಲೆ ಕೂತು ಕಡಲೆಕಾಯಿ ಸುಲಿದಳು.
ಎರಡರಲ್ಲಿ ಯಾವುದು ಕಷ್ಟ, ಕೇಳಿದೆ.
‘ಅಲ್ಲಿ ಸದ್ದೇ ಇರಲ್ಲ. ಇಲ್ಲಿ ಸದ್ದು ಬಿಟ್ಟು ಏನೂ ಇರಲ್ಲ.
ನಡುವೆ ಸುಮ್ಮನೆ ಮನೇಲಿರೋ ವಾರ ಇದೆಯಲ್ಲ, ಅದು.’

ಈ ಜನವರಿ ಮತ್ತೆ ಹಲಗೆ ತಂದಳು. ಮೂವತ್ತಾರಾಯಿತು.
ಕಬ್ಬಿಣದ ಅಂಚು ಸವೆದು ಬ್ಲೇಡಿನಷ್ಟಾಗಿದೆ,
ಮೇಣದ ಗಟ್ಟಿ ಕಿರುಬೆರಳಷ್ಟು.
‘ಸಾಕಾಗುತ್ತಾ?’
ಈ ಸಲಕ್ಕೆ ಸಾಕು, ಅಂದೆ. ಅವಳು ಮುಂದಿನದ್ದು ಕೇಳಲಿಲ್ಲ.

ಅವತ್ತು ಸಂಜೆ ವಕೀಲರ ಬಿಳಿ ಅಂಗಿಯ ಮೇಲೆ
ಸಾಸಿವೆಯಷ್ಟು ನೀಲಿ ಮಚ್ಚೆ. ಚೆನ್ನಾಗಿ ಬೈದರು.
ಪೆಟ್ಟಿಗೆಯ ಮೂತಿ ಒರೆಸಿಕೊಳ್ಳಬಹುದಿತ್ತು.
ಇನ್ನೊಂದು ಹನಿ ಅಲ್ಲೇ ಇದೆ,
ಯಾರ ಅಂಗಿಗೋ.